ಜೊಂಡಿಗೆ ಕೂಗು ಕೊಡುವವಳು

ಜುಲೈ ೮

ಮೊಂಡಿಗೆ ಅಪ್ಪನ ಆಶೀರ್ವಾದ.

ಇನ್ನು ಮೇಲೆ ನನಗೆ ಫೋನು ಮಾಡಬೇಡ ಎಂದು ಹೇಳುವುದಕ್ಕೇ ಈ ಕಾಗದ. ನಿನ್ನೆ ನೀನು ಅಷ್ಟು ಹೊತ್ತು ಏನು ಹೇಳಿದೆಯೋ ದೇವರಿಗೇ ಗೊತ್ತು. ಕಿವಿಗೆ ಸಿಕ್ಕಿಸಿದ ಯಂತ್ರ ಕುಂಯ್ ಎಂದು ಅರಚಿಕೊಳ್ಳುತ್ತದೆ. ನಿನ್ನ ಅಣ್ಣ ಪಕ್ಕದಲ್ಲಿ ನಿಂತು, ನೀನು ಹೇಳಿದ್ದನ್ನೆಲ್ಲ ಕೇಳಿಸಿಕೊಂಡು, 'ಎಲ್ಲ ಚೆನ್ನಾಗಿದೆಯಂತೆ' ಎಂದು ಒಂದೇ ಮಾತಿನಲ್ಲಿ ಮುಗಿಸಿಬಿಡುತ್ತಾನೆ. ಚಿಕ್ಕಂದಿನಿಂದಲೂ ಅವನು ಹಾಗೆಯೇ, ಮಾತಿಗೆ ಬಲು ಜಿಪುಣ. ನೀನು ಬರಿ. ನಿಧಾನವಾಗಿ ಓದಿಕೊಳ್ಳುತ್ತೇನೆ.

ಮೊಣಕಾಲಿಗೆ ಹೊಸ ಕೀಲು ಕೂಡಿಸಿದ್ದಾರೆ. ನಡೆದರೆ ನಾನೇ ನಡೆಯುತ್ತಿದ್ದೇನೆ ಎನ್ನಿಸುವುದಿಲ್ಲ, ಯಾರದೋ ಕಾಲು ಎರವಲು ತಂದಂತಿದೆ. ಒಂದು ವರ್ಷ ದೋಣಿಯ ಮಾತೇ ಎತ್ತಬೇಡಿ ಎಂದರು ಡಾಕ್ಟರು. ಪಟ್ಟಣದಲ್ಲಿ ನಿನ್ನ ಅಣ್ಣನ ಮನೆಯ ಈ ಮೂರನೇ ಮಹಡಿಯ ಕಿಟಕಿಯಲ್ಲಿ ಕೂತರೆ ಕಾಣುವುದು ಎದುರು ಮನೆಗಳ ತಾರಸಿ, ನೀರಿನ ಟ್ಯಾಂಕು, ಒಣಹಾಕಿದ ಬಟ್ಟೆ. ಇಲ್ಲಿ ನೀರು ಅಂದರೆ ಟ್ಯಾಂಕಿನ ನೀರು.

ಅದಕ್ಕೇ ಹೇಳುತ್ತೇನೆ ಕೇಳು. ಈ ವರ್ಷ ಜೊಂಡಿಗೆ ಕೂಗು ಕೊಡುವವಳು ನೀನು. ನನ್ನ ಅಜ್ಜ ಕೊಟ್ಟ, ಅಪ್ಪ ಕೊಟ್ಟ, ನಾನು ಕೊಟ್ಟೆ. ನೀನು ದೋಣಿಯಲ್ಲಿ ನಿಂತು 'ಕೈ ಹಾಕ್ರೋ' ಎನ್ನುವ ತನಕ ಒಂದು ಕುಡುಗೋಲೂ ಜೌಗಿಗೆ ಇಳಿಯಕೂಡದು. ಚಿಕ್ಕಪ್ಪನಿಗೂ ಬರೆದು ಹಾಕಿದ್ದೇನೆ, ಮುಖ ಊದಿಸಿಕೊಂಡರೆ ಊದಿಸಿಕೊಳ್ಳಲಿ. ಗುರುತು ನಿನಗೆ ಗೊತ್ತೇ ಇದೆ. ಜೊಂಡಿನ ತೆನೆ ಬಿರಿಯಬೇಕು, ಅದರ ಮೇಲೆ ಅಂಗೈ ಎಳೆದರೆ ಹತ್ತಿಯಂಥ ಅರಳೆ ಅಂಟಬೇಕು. ಅಷ್ಟು ಹೊತ್ತಿಗೆ ಜೊಂಡಿನೊಳಗೆ ಬೆಳೆಯುವ ಗೊಣಗಹಕ್ಕಿಯ ಮರಿಗಳು ಗೂಡು ಬಿಟ್ಟು ಹಾರಿರುತ್ತವೆ. ಒಂದು ವರ್ಷವೂ ತಪ್ಪಿದ್ದಿಲ್ಲ.

ಕಪ್ಪೆಗಳು ಶುರು ಮಾಡಿದವಾ? ದೋಣಿಕಟ್ಟೆಯಲ್ಲಿ ನೀರು ಎಲ್ಲಿಗೆ ಬಂದಿದೆ? ಗೊಣಗಹಕ್ಕಿ ಗೂಡು ಕಟ್ಟಿದವಾ? ಒಂದೊಂದಕ್ಕೂ ಉತ್ತರ ಬರಿ.

ನಿನ್ನ ಅಪ್ಪ

---

ಜುಲೈ ೨೫

ಅಪ್ಪಾ,

ಮೊಂಡಿಯ ನಮಸ್ಕಾರ. ಎರವಲು ಕಾಲಿಗೂ ಒಂದು ನಮಸ್ಕಾರ ಹೇಳಿಬಿಡಿ.

ಕೂಗು ನನಗೆ ಅಂದಾಗ ಶೆಡ್ಡಲ್ಲಿ ಚಾಪೆ ನೇಯ್ತಿದ್ದವರೆಲ್ಲ ಕೈ ನಿಲ್ಲಿಸಿ ನನ್ನನ್ನೇ ನೋಡಿದ್ರು. ದೊಡ್ಡಮ್ಮ ಮಾತ್ರ 'ಅದರಲ್ಲೇನಿದೆ, ಇವಳ ಗಂಟಲು ಅಪ್ಪಂದೇ' ಅಂದ್ಲು. ಚಿಕ್ಕಪ್ಪ ಮುಖ ಊದಿಸಿಕೊಂಡಿಲ್ಲ, ಅದಕ್ಕಿಂತ ಕಷ್ಟ, ನಗ್ತಾನೆ. 'ಏನಮ್ಮಾ ಕೂಗಮ್ಮಾ, ಯಾವತ್ತು ಅಪ್ಪಣೆ?' ಅಂತ ದಿನಾ ಕೇಳ್ತಾನೆ. ನಾನೂ ಬಿಡಲ್ಲ. 'ಜೊಂಡು ಕೊಳ್ಳೋ ನಿನ್ನ ಲಾರಿಯವನು ಬರೋ ದಿನ ಬಿಟ್ಟು ಬೇರೆ ಯಾವತ್ತಾದ್ರೂ' ಅಂದೆ.

ಶೆಡ್ಡಿನ ಮಾಡು ಬಡಗಲ ಮೂಲೇಲಿ ಸೋರ್ತಿತ್ತು, ಹೊಚ್ಚಿಸಿದೆ. ನಿಮ್ಮ ದೋಣಿಗೆ ಎಣ್ಣೆ ಹಚ್ಚಿ ನೆರಳಲ್ಲಿ ಇಟ್ಟಿದ್ದೀನಿ. ಬೆಕ್ಕು ಅದರೊಳಗೇ ಮರಿ ಹಾಕಿದೆ, ಈಗ ದೋಣಿ ಅದರದ್ದು. ಅಣ್ಣನ ಮಗಳು ಹೇಗಿದ್ದಾಳೆ? ಅತ್ತಿಗೆಗೆ ನಿಮ್ಮ ಗೊರಕೆ ಅಭ್ಯಾಸ ಆಯ್ತಾ?

ಹೊತ್ತಾಯ್ತು, ನಿಲ್ಲಿಸ್ತೀನಿ.

ನಿಮ್ಮ ಮೊಂಡಿ

---

ಆಗಸ್ಟ್ ೧೯

ಮೊಂಡೀ,

ಎರಡು ಪುಟ ಬರೆದಿದ್ದೀಯ. ಮಾಡು ಇದೆ, ಬೆಕ್ಕು ಇದೆ, ನನ್ನ ಗೊರಕೆಯೂ ಇದೆ. ಕಪ್ಪೆ ಎಲ್ಲಿ? ನೀರು ಎಲ್ಲಿ? ಕೇಳಿದ್ದಕ್ಕೆ ಉತ್ತರ ಬಿಟ್ಟು ಊರೆಲ್ಲ ಸುತ್ತಿಸುವ ಈ ವಿದ್ಯೆ ನಿನ್ನ ಅಮ್ಮನದು. ಅವಳೂ ಹೀಗೆಯೇ, ಪಾತ್ರೆ ಒಡೆದಿದ್ದರೆ ಮೊದಲು ಪಕ್ಕದ ಮನೆಯ ಮದುವೆಯ ವಿಷಯ ತೆಗೆಯುತ್ತಿದ್ದಳು.

ಇಲ್ಲಿ ಸುಮ್ಮನೆ ಕೂತಿರುವುದರಿಂದಲೋ ಏನೋ ಹಳೆಯದೆಲ್ಲ ಎದುರಿಗೆ ಬಂದು ನಿಲ್ಲುತ್ತದೆ. ಅರಳೆ ಹಾರುವ ವಾರ ನೆನಪಿದೆಯಾ? ಗಾಳಿ ಬಂತೆಂದರೆ ಮನೆ ತುಂಬ ಬಿಳಿ. ಅಮ್ಮ ಅಡುಗೆ ಪಾತ್ರೆಗಳಿಗೆಲ್ಲ ಬಟ್ಟೆ ಕಟ್ಟಿ, ಬಾಯಿಗೂ ಒಂದು ಕಟ್ಟಿಕೊಂಡು, ಕಣ್ಣಲ್ಲೇ ನಮ್ಮನ್ನು ಬೈಯುತ್ತಿದ್ದಳು. ನೀನು ಅವಳ ಜಡೆಯಲ್ಲಿ ಸಿಕ್ಕಿದ್ದನ್ನು ಒಂದೊಂದೇ ಹೆಕ್ಕಿ ಊದುತ್ತಿದ್ದೆ. ಆಮೇಲೆ ನನ್ನ ಹೆಗಲ ಮೇಲೆ ಕೂತು ದೋಣಿಕಟ್ಟೆಗೆ. ಕಪ್ಪೆಗಳ ಗದ್ದಲದಲ್ಲಿ ನೀನು ಮಾತಾಡಿದ್ದು ನನಗೆ ಕೇಳುತ್ತಿರಲಿಲ್ಲ, ಆಗ ನನ್ನ ಕಿವಿ ನೆಟ್ಟಗಿದ್ದರೂ. ಚಳಿ ಶುರುವಾದರೆ ಎಲ್ಲಿಂದಲೋ ಬಾತುಗಳು ಬಂದು ನೀರೇ ಕಾಣದ ಹಾಗೆ ಇಳಿಯುತ್ತಿದ್ದವು. ಅದನ್ನೆಲ್ಲ ಇನ್ನೊಮ್ಮೆ ನೋಡದೆ ಈ ಟ್ಯಾಂಕುಗಳನ್ನು ನೋಡುತ್ತಾ ಕಣ್ಣು ಮುಚ್ಚುವವನಲ್ಲ ನಾನು. ವರ್ಷ ಕಳೆಯಲಿ, ಬಂದೇ ಬರುತ್ತೇನೆ.

ಮೊಮ್ಮಗಳು ಶಾಲೆಯಿಂದ ಬಂದು 'ತಾತ, ಸಮುದ್ರ ಏಳ್ತಾ ಇದೆಯಂತೆ' ಎಂದಳು. 'ನಿಮ್ಮಪ್ಪನಿಗಿಂತ ಮೊದಲು ಎದ್ದರೆ ಹೇಳು' ಎಂದೆ. ನಿನ್ನ ಅಣ್ಣನಿಗೆ ಈಗಲೂ ಒಂಬತ್ತು ಗಂಟೆಗೇ ಬೆಳಗು.

ನಿನ್ನ ಅಪ್ಪ

---

ಸೆಪ್ಟೆಂಬರ್ ೧೪

ಅಪ್ಪಾ,

ಇದಕ್ಕೆ ಬೇಗ ಉತ್ತರ ಬೇಕು. ತೆನೆ ಬಿರೀತಿದೆ.

ನೀವು ಯಾವಾಗ್ಲೂ ಕೂಗ್ತಿದ್ದದ್ದು ನವೆಂಬರಲ್ಲಿ ಅಲ್ವಾ? ಈ ಸಲ ಬಿಸಿಲು ಬಿಡದೆ ಕಾಯ್ತು, ಪಡುವಲ ಕಡೆ ಜೊಂಡು ಆಗಲೇ ಕಂದು ಬಣ್ಣಕ್ಕೆ ತಿರುಗಿದೆ. ನಿನ್ನೆ ಅಂಗೈ ಎಳೆದೆ, ಅರಳೆ ಅಂಟ್ತು. ಇವತ್ತು ಮೂಡಲ ಕಡೆ ಹೋದೆ, ಅಲ್ಲೂ ಅಂಟ್ತು. ಗಾಳಿಗೆ ಹಾರಿ ಹೋದ್ರೆ ಕಾಂಡ ಬಿರುಸಾಗುತ್ತೆ, ಚಾಪೆಗೆ ಬರಲ್ಲ ಅಂತ ಎಲ್ಲರೂ ತಲೆ ತಿಂತಿದ್ದಾರೆ. ನನಗೇನೋ ಮನಸ್ಸಿಲ್ಲ. ಯಾಕೆ ಅಂತ ಕೇಳಿದ್ರೆ ಹೇಳೋಕೂ ಬರಲ್ಲ.

ಕೂಗ್ಲಾ?

ಮೊಂಡಿ

---

ಸೆಪ್ಟೆಂಬರ್ ೧೯

ಮೊಂಡೀ,

ಅರಳೆ ಅಂಟಿತಾ? ಕೂಗು. ಗೋಡೆಯ ಮೇಲಿನ ಕ್ಯಾಲೆಂಡರಿಗೆ ಜೊಂಡಿನ ವಿಷಯ ಏನು ಗೊತ್ತು? ತಿಂಗಳು ನೋಡಬೇಡ, ಅಂಗೈ ನೋಡು. ಮೊದಲನೇ ಸಲ ನನಗೂ ಹೀಗೇ ಆಗಿತ್ತು. ಬೆಳಿಗ್ಗೆಯಿಂದ ಏನೂ ತಿನ್ನದೆ ಕೂಗಿದೆ, ಧ್ವನಿ ಮೇಕೆಯ ಹಾಗೆ ಬಂತು, ಊರೆಲ್ಲ ನಕ್ಕಿತು. ನೀನು ತಿಂಡಿ ತಿಂದು ಹೋಗು.

ನಿನ್ನ ಕೂಗು ಹೇಗೆ ಬಂತು ಎಂದು ಬರಿ. ಕಾಯುತ್ತಿರುತ್ತೇನೆ.

ಅಪ್ಪ

---

ಅಕ್ಟೋಬರ್ ೨೦

ಮೊಂಡೀ,

ಅಂಚೆಯವನು ನನ್ನ ಮುಖ ಕಂಡರೆ ದೂರದಿಂದಲೇ ಕೈ ಆಡಿಸುತ್ತಾನೆ, ಇಲ್ಲ ಎಂದು. ನಿನ್ನ ಅಣ್ಣನಿಂದ ಫೋನು ಮಾಡಿಸಿದೆ. 'ಎಲ್ಲ ಚೆನ್ನಾಗಿದೆಯಂತೆ.' ಅವನನ್ನು ಕಟ್ಟಿಕೊಂಡು ಏನು ಮಾಡಲಿ. ಹುಷಾರಿದ್ದೀಯ ತಾನೆ? ಚಿಕ್ಕಪ್ಪ ಏನಾದರೂ ಅಂದನಾ?

ಬೈಯಬೇಕಾದ ವಿಷಯವಾದರೆ ಬೈಯುತ್ತೇನೆ, ಆದರೆ ಮೊದಲು ಬರಿ.

ಅಪ್ಪ

---

ನವೆಂಬರ್ ೬

ಅಪ್ಪಾ,

ನಿಮ್ಮ ಕಾಗದ ಬಂದ ಮೇಲೆ ಮೂರು ಸಲ ಬರೆಯೋಕೆ ಕೂತು ಎದ್ದಿದ್ದೀನಿ. ಈಗ ಬರೆದೇ ಬಿಡ್ತೀನಿ.

ನನ್ನ ಕೂಗು ಚೆನ್ನಾಗಿ ಬಂತು. ಮೇಕೆ ಧ್ವನಿ ಅಲ್ಲ, ನಿಮ್ಮದೇ ಧ್ವನಿ ಅಂದ್ರು. ದೋಣಿಗಳು ಒಳಗೆ ಹೋದ್ವು. ಸ್ವಲ್ಪ ಹೊತ್ತಿಗೆ ದೊಡ್ಡಮ್ಮನ ದೋಣಿ ನಿಂತುಬಿಡ್ತು. 'ಏನೇ?' ಅಂದೆ. ಅವಳು ಕೈಯಲ್ಲಿದ್ದ ಕಟ್ಟನ್ನು ಎತ್ತಿ ತೋರಿಸಿದ್ಲು. ಜೊಂಡಿನ ಜೊತೆ ಗೂಡೂ ಬಂದಿತ್ತು. ಒಳಗೆ ಮರಿ. ರೆಕ್ಕೆ ಇನ್ನೂ ಬಂದಿಲ್ಲ ಅಪ್ಪಾ, ಬರೀ ಬಾಯಿ, ಕೆಂಪಗೆ ತೆರೆದ ಬಾಯಿ. ಆಮೇಲೆ ಎಲ್ಲಾ ದೋಣಿಯಿಂದಲೂ ಅದೇ ಮಾತು, 'ಇಲ್ಲೂ ಇದೆ, ಇಲ್ಲೂ ಇದೆ.' ಗೂಡು ನೀರಿಗೆ ಜಾರ್ತಿತ್ತು. ತಾಯಿ ಹಕ್ಕಿಗಳು ನಮ್ಮ ತಲೆ ಮೇಲೇ ಸುತ್ತು ಹೊಡೀತಿದ್ವು. ಅವು ಗೊಣಗ್ತಾ ಇರಲಿಲ್ಲ. ಗೊಣಗಹಕ್ಕಿ ಚೀರೋದನ್ನ ನಾನು ಯಾವತ್ತೂ ಕೇಳಿರಲಿಲ್ಲ.

'ನಿಲ್ಲಿಸಿ' ಅಂತ ಕಿರುಚಿದೆ. ಯಾರಿಗೂ ಅರ್ಥ ಆಗಲಿಲ್ಲ. ನಮ್ಮಲ್ಲಿ ಶುರು ಮಾಡೋಕೆ ಕೂಗಿದೆ, ನಿಲ್ಲಿಸೋಕೆ ಇಲ್ಲ. ಕೂಗಾದ ಮೇಲೆ ದಡದ ಜೊಂಡು ಮುಗಿಯೋ ತನಕ ಕುಡುಗೋಲು ಕೆಳಗಿಡಬಾರದು ಅಲ್ವಾ, ಹಾಗೇ ಕಲ್ತಿದ್ದಾರೆ. 'ಇನ್ನೇನು ನಿಲ್ಲಿಸೋದು, ಆಗಿದ್ದು ಆಗಿಹೋಯ್ತು' ಅಂತ ಚಿಕ್ಕಪ್ಪ ಹೇಳ್ತಾನೇ ಇದ್ದ, ಹೇಳ್ತಾ ಹೇಳ್ತಾ ಅವನೇ ಟೋಪಿ ತೆಗೆದು ಮರಿಗಳನ್ನ ಅದರಲ್ಲಿ ಹಾಕ್ಕೊಂಡ. ಉಳಿದ ಗೂಡುಗಳನ್ನ ನಿಂತ ಜೊಂಡಿಗೆ ದಾರದಲ್ಲಿ ಕಟ್ಟಿದ್ವಿ. ಟೋಪಿಲಿದ್ದವು ಬೆಳಗಾಗೋದ್ರೊಳಗೆ ಸತ್ತವು. ಕಟ್ಟಿದವುಗಳ ಕಡೆ ಹೋಗಿ ನೋಡೋ ಧೈರ್ಯ ನನಗೆ ಬರಲಿಲ್ಲ.

ನಾನು ಇನ್ನು ಕೂಗಲ್ಲ. ಚಿಕ್ಕಪ್ಪನೇ ಕೂಗಲಿ. ಲಾರಿ ಬಂದ ದಿನ ಕೂಗ್ತಾನೆ ಅಂತ ಗೊತ್ತು. ಹಾಗೆ ಎರಡು ವರ್ಷ ಕೊಯ್ದ್ರೆ ಇರೋ ಜೊಂಡೂ ಉಳಿಯಲ್ಲ ಅಂತಲೂ ಗೊತ್ತು. ಆದ್ರೂ ನನ್ನ ಬಾಯಿಂದ ಮತ್ತೆ ಆ ಮಾತು ಬರಲ್ಲ.

ಮೊಂಡಿ

---

ಡಿಸೆಂಬರ್ ೧೧

ಮಗಳೇ,

ನಿನ್ನ ಕಾಗದ ಓದಿ ಮೊದಲು ಸಿಟ್ಟು ಬಂತು. ಸರಿಯಾಗಿ ನೋಡಿರಲಿಕ್ಕಿಲ್ಲ, ಹಸಿ ಅರಳೆಗೆ ಮೋಸ ಹೋಗಿದ್ದಾಳೆ, ನಾನಿದ್ದಿದ್ದರೆ ಹೀಗಾಗುತ್ತಿರಲಿಲ್ಲ ಎಂದು ನಾಲ್ಕು ಪುಟ ಗೀಚಿದೆ. ಅಂಚೆಗೆ ಹಾಕಲು ಮೊಮ್ಮಗಳ ಕೈಗೆ ಕೊಟ್ಟೆ. ಅವಳು ಮೆಟ್ಟಿಲು ಇಳಿಯುವಷ್ಟರಲ್ಲಿ ಕೂಗಿ ವಾಪಸು ಕರೆದೆ. ಈ ಕಾಲಿನಲ್ಲಿ ಬಾಗಿಲಿಗೆ ಓಡಿದೆ ಎಂದರೆ ನೀನು ನಂಬುವುದಿಲ್ಲ.

ನೀನು ಸರಿಯಾಗಿಯೇ ನೋಡಿದ್ದೀಯ. ನಿನಗೆ ಮನಸ್ಸಿರಲಿಲ್ಲ, ಅದನ್ನೂ ಬರೆದಿದ್ದೆ. ಇಲ್ಲಿ ಟ್ಯಾಂಕು ನೋಡುತ್ತಾ ಕೂತು ಕೂಗು ಎಂದವನು ನಾನು. ಇಬ್ಬರೂ ಆ ಗುರುತನ್ನು ನಂಬಿದೆವು. ಅದು ಈಗ ಯಾಕೆ ಸುಳ್ಳಾಯಿತು ಎನ್ನುವುದು ನನಗೆ ತಿಳಿಯುತ್ತಿಲ್ಲ, ತಿಳಿಯದಿರುವುದೇ ಹೆಚ್ಚು ಉರಿಯುತ್ತಿದೆ.

ಒಂದು ಮಾಡು. ಜುಲೈಯಲ್ಲಿ ಕೇಳಿದ್ದನ್ನು ಈಗ ಮತ್ತೆ ಕೇಳುತ್ತಿದ್ದೇನೆ. ಜೌಗಿನಲ್ಲಿ ಏನು ಬದಲಾಗಿದೆ ಎಲ್ಲವನ್ನೂ ಬರಿ. ಈ ಮುದುಕನ ಎದೆ ಒಡೆದೀತು ಎಂದು ಏನನ್ನೂ ಬಚ್ಚಿಡಬೇಡ. ಬಚ್ಚಿಟ್ಟಿದ್ದರಿಂದ ಏನಾಯಿತು ನೋಡಿದೆವಲ್ಲ.

ಅಪ್ಪ

---

ಜನವರಿ ೧೭

ಅಪ್ಪಾ,

ಸರಿ, ಕೇಳಿ.

ಕಪ್ಪೆ ಇಲ್ಲ. ನೀವು ಇಲ್ಲಿದ್ದಾಗಲೇ ಕಮ್ಮಿ ಆಗ್ತಿತ್ತು, ಕಿವಿ ಮಂದವಾಗಿತ್ತಲ್ಲ, ನಿಮಗೆ ಗೊತ್ತಾಗಲಿಲ್ಲ. 'ಇವತ್ತು ಕಪ್ಪೆ ಜೋರಾ?' ಅಂತ ಕೇಳ್ತಿದ್ರಿ, 'ಹೂಂ, ಕಿವಿ ಕಿತ್ತು ಹೋಗ್ತಿದೆ' ಅಂತಿದ್ದೆ. ಸುಳ್ಳು ಹೇಳ್ತಿದ್ದೀನಿ ಅಂತ ಅನ್ನಿಸ್ತಾನೇ ಇರಲಿಲ್ಲ, ನಿಮ್ಮ ಮುಖದಲ್ಲಿ ಬರ್ತಿದ್ದ ನಗು ನೋಡೋಕೆ ಹಾಗೆ ಹೇಳ್ತಿದ್ದೆ.

ನೀರು ಉಪ್ಪಾಗಿದೆ. ಸಮುದ್ರದ ಕಾಲುವೆಯಿಂದ ಭರತ ಉಕ್ಕೋ ದಿನಗಳಲ್ಲಿ ನೀರು ಹಿಂದೆ ನುಗ್ಗುತ್ತೆ, ಮೊದಲು ಅಮಾವಾಸ್ಯೆ ಹುಣ್ಣಿಮೆಗೆ ಕಾಲುವೆ ಬಾಯಿ ತನಕ ಬರ್ತಿತ್ತು, ಈಗ ಜೌಗಿನ ನಡು ತನಕ ಬರುತ್ತೆ. ಪಡುವಲ ಜೊಂಡು ನನ್ನ ಸೊಂಟದಷ್ಟೂ ಬೆಳೆಯಲ್ಲ. ಬೇಗ ಕಂದಾಗಿ ಬೇಗ ಬಿರಿಯುತ್ತೆ, ಹಣ್ಣಾಗಿ ಅಲ್ಲ, ಬೆಂದು. ಮೂಡಲದ್ದು ಬಿಸಿಲಿಗೆ ಬೇಗ ಬಿರೀತು. ನಿಮ್ಮ ಅರಳೆಯ ಗುರುತು ಸುಳ್ಳಾಗಿದ್ದು ಹೀಗೆ.

ಇನ್ನು ಹಕ್ಕಿ. ಮಳೆ ಮೊದಲಿನ ಹಾಗೆ ಹನಿ ಹನಿಯಾಗಿ ಬರಲ್ಲ. ತಿಂಗಳು ಕಾಯಿಸಿ ಒಂದೇ ವಾರದಲ್ಲಿ ಸುರಿದುಬಿಡುತ್ತೆ. ಜೂನಲ್ಲಿ ಕಟ್ಟಿದ ಗೂಡೆಲ್ಲ ಮುಳುಗಿಹೋಗಿತ್ತು. ಅವು ಮತ್ತೆ ಕಟ್ಟಿ ಮತ್ತೆ ಮೊಟ್ಟೆ ಇಟ್ಟಿರಬೇಕು. ಜೊಂಡು ಮುಂಚೆ ಬಂತು, ಹಕ್ಕಿ ಹಿಂದೆ ಬಿತ್ತು. ಯಾವಾಗಲೂ ಒಟ್ಟಿಗೆ ನಡೀತಿದ್ದವು, ಒಂದರ ಕೈ ಇನ್ನೊಂದು ಬಿಟ್ಟುಬಿಡ್ತು.

ಬಾತು ಈ ಚಳಿಗೆ ಬೆರಳಲ್ಲಿ ಎಣಿಸೋ ಅಷ್ಟು. ಚಳಿಯೇ ಇಲ್ಲ, ಅವು ತಾನೇ ಯಾಕೆ ಬರ್ತಾವೆ?

ಇಷ್ಟೆಲ್ಲ ಬರೆದಾಯ್ತು. ಇನ್ನೊಂದು ಮಾತು. ಅರಳೆ ಹಾರೋ ವಾರದ ಬಗ್ಗೆ ನೀವು ಬರೆದಿದ್ರಲ್ಲ, ಅಮ್ಮ ಕಣ್ಣಲ್ಲೇ ಬೈತಿದ್ದದ್ದು. ಆ ಕಾಗದ ಓದಿ ಶೆಡ್ಡಿನ ಹಿಂದೆ ಹೋಗಿ ಅತ್ತಿದ್ದೆ. ಆ ಜೌಗು ಈಗ ನಿಮ್ಮ ತಲೆಯೊಳಗೆ ಮಾತ್ರ ನೆಟ್ಟಗಿದೆ. ಅಲ್ಲೂ ಅದನ್ನ ಹಾಳು ಮಾಡೋಕೆ ನನಗೆ ಮೊದಲಿಂದಲೂ ಕೈ ಬರಲಿಲ್ಲ. ಅದಕ್ಕೇ ಜುಲೈಲಿ ನೀವು ಕಪ್ಪೆ ಕೇಳಿದ್ರೆ ನಾನು ಬೆಕ್ಕಿನ ವಿಷಯ ಬರೆದೆ.

ವರ್ಷ ಮುಗಿದ ಮೇಲೆ ಡಾಕ್ಟರು ಬಿಟ್ರೆ ಬಂದುಬಿಡಿ. ನೀವೇ ಕೂಗಿ. ದೋಣಿ ಹತ್ತಬೇಡಿ, ಕಟ್ಟೆ ಮೇಲೆ ಕುರ್ಚಿ ಹಾಕಿಕೊಡ್ತೀನಿ. ಜೌಗೊಳಗೆ ಹೋಗಿ ನೋಡಿಕೊಂಡು ಬಂದು ನಾನು ಹೇಳ್ತೀನಿ, ಕೂಗೋದು ನೀವು. ನಿಮ್ಮ ಮಾತಿಗೆ ಚಿಕ್ಕಪ್ಪ ಎದುರು ಹೇಳಲ್ಲ. ನನ್ನ ಮಾತು ಈಗ ಯಾರೂ ಕೇಳಲ್ಲ, ಕೇಳಬೇಕು ಅಂತ ನಾನೂ ಅಂದುಕೊಂಡಿಲ್ಲ.

ಮೊಂಡಿ

---

ಆಗಸ್ಟ್ ೨

ಮಗಳೇ,

ಜನವರಿಯ ನಿನ್ನ ಕಾಗದ ಮಡಿಕೆ ಹರಿಯುವಷ್ಟು ಸಲ ಓದಿದ್ದೇನೆ. ಈ ಮಧ್ಯೆ ನಾನು ಬರೆದದ್ದೆಲ್ಲ ಹಾಳು ಹರಟೆ ಎಂದು ನಿನಗೂ ಗೊತ್ತು. ಹೇಳಬೇಕಾದ್ದು ಇವತ್ತು ಹೇಳುತ್ತೇನೆ.

ಡಾಕ್ಟರು ಹೋಗಬಹುದು ಎಂದರು. ನಿನ್ನ ಅಣ್ಣ ಟಿಕೆಟ್ಟನ್ನೂ ತಂದ. ಮೊಮ್ಮಗಳು ನನ್ನ ಚೀಲಕ್ಕೆ ಬಟ್ಟೆ ತುಂಬಿಕೊಟ್ಟಳು. ಹೊರಡುವ ಹಿಂದಿನ ದಿನ ಚೀಲದ ಪಕ್ಕದಲ್ಲಿ ಕೂತಿದ್ದೆ, ಕಟ್ಟೆ ಮೇಲಿನ ಆ ಕುರ್ಚಿ ಕಣ್ಣಿಗೆ ಕಟ್ಟಿತು. ನಾನು ಅದರಲ್ಲಿ ಕೂತಿದ್ದೇನೆ, ನೀನು ಜೌಗಿನಿಂದ ಬಂದು ಇನ್ನೂ ಮರಿ ಇದೆ ಅಪ್ಪ ಎನ್ನುತ್ತೀಯ, ಎಲ್ಲರೂ ನನ್ನ ಮುಖ ನೋಡುತ್ತಾರೆ. ನಿನ್ನ ಮುಖ ಯಾರೂ ನೋಡುವುದಿಲ್ಲ. ಅರಳೆ ಅಷ್ಟು ಹೊತ್ತಿಗೆ ನನ್ನ ಮೂಗಿನ ಮೇಲೇ ಹಾರುತ್ತಿರುತ್ತದೆ. ಅರವತ್ತು ವರ್ಷದ ಅಭ್ಯಾಸ ಕಣೇ ಮೊಂಡೀ. ನನ್ನ ಬಾಯಿ ನನ್ನ ಮಾತು ಕೇಳುತ್ತದೆ ಎಂದು ನನಗೆ ನಂಬಿಕೆಯಿಲ್ಲ. ನಾನು ಕೂಗಿಬಿಡುತ್ತೇನೆ.

ಟಿಕೆಟ್ಟು ವಾಪಸು ಕೊಡಿಸಿದೆ. ನಾನು ಬರುವುದಿಲ್ಲ.

ಬರಬೇಕೆಂದು ಎಷ್ಟು ಆಸೆಯಿತ್ತು ಎಂದು ಬರೆಯಲು ಹೋದರೆ ಈ ಕಾಗದ ಮುಗಿಯುವುದಿಲ್ಲ. ಇಲ್ಲಿ ಬೆಳಿಗ್ಗೆ ಎದ್ದ ಕೂಡಲೇ ಕೆಸರಿನ ವಾಸನೆ ಬಂದ ಹಾಗಾಗುತ್ತದೆ, ಆಮೇಲೆ ನಿನ್ನ ಅತ್ತಿಗೆ ನೆಲ ಒರೆಸುವ ಔಷಧಿಯ ವಾಸನೆ ಬರುತ್ತದೆ. ಅಷ್ಟು ಸಾಕು, ಉಳಿದದ್ದು ನಿನಗೆ ತಿಳಿಯುತ್ತದೆ.

ನನಗೆ ಗೊತ್ತಿದ್ದ ಜೌಗಿಗೆ ನನ್ನ ಗುರುತು ಸರಿಯಾಗಿತ್ತು. ಈಗ ಇರುವುದನ್ನು ನೋಡಿರುವವಳು ನೀನು. ಹೊಸ ಗುರುತು ಏನು ಎಂದು ನನ್ನನ್ನು ಕೇಳಬೇಡ, ನನಗೆ ಗೊತ್ತಿಲ್ಲ. ಈ ಮಾತು ಬರೆಯುವುದಕ್ಕೆ ಇಷ್ಟು ತಿಂಗಳು ಹಿಡಿಯಿತು. ಒಳಗೆ ಹೋಗು, ಗೂಡು ನೋಡು, ನಿನಗೆ ಸರಿ ಅನ್ನಿಸಿದ ದಿನ ಕೂಗು. ಸರಿ ಅನ್ನಿಸದಿದ್ದರೆ ಬಾಯಿ ಮುಚ್ಚಿಕೊಂಡು ನಿಲ್ಲು. ಯಾರು ಏನೇ ಅಂದರೂ ನಿಲ್ಲು. ನಿನ್ನನ್ನು ಮೊಂಡಿ ಎಂದು ಸುಮ್ಮನೆ ಕರೆದೆನಾ?

ಚಿಕ್ಕಪ್ಪನಿಗೆ ಈ ಸಲ ನಾನು ಬರೆಯುವುದಿಲ್ಲ. ನೀನೇ ಹೇಳಿಕೋ.

ಅಪ್ಪ

---

ಡಿಸೆಂಬರ್ ೯

ಅಪ್ಪಾ,

ನೀವು ಬರಲ್ಲ ಅಂದ ದಿನ ನಿಮ್ಮ ಮೇಲೆ ಬಂದ ಕೋಪಕ್ಕೆ ಆ ಕಾಗದ ಒಲೆಗೆ ಹಾಕೋಳಿದ್ದೆ. ದೊಡ್ಡಮ್ಮ ಕಿತ್ಕೊಂಡು ಇಟ್ಟುಕೊಂಡ್ಲು. ಆಮೇಲೆ ಕೊಟ್ಲು.

ಸೆಪ್ಟೆಂಬರಲ್ಲಿ ಅರಳೆ ಬಂತು, ಹೋದ ವರ್ಷದ ಹಾಗೇ. ಚಿಕ್ಕಪ್ಪ ಎಲ್ಲರನ್ನೂ ದೋಣಿ ಸಮೇತ ಕಟ್ಟೆ ಹತ್ರ ಸೇರಿಸಿದ. ಮೇಲೆ ರಸ್ತೇಲಿ ಲಾರಿ ನಿಂತಿತ್ತು. 'ನೀನು ಕೂಗ್ತೀಯಾ, ನಾನು ಕೂಗ್ಲಾ?' ಅಂದ. ಈ ಸಲ ನಗ್ತಿರಲಿಲ್ಲ. 'ಶೆಡ್ಡಲ್ಲಿ ಹೆಂಗಸರು ಕೈ ಕಟ್ಟಿ ಕೂತಿದ್ದಾರೆ, ಅವರಿಗೆ ಏನು ಹೇಳ್ತೀಯ?' ಅಂದ. ಅವನು ಕೇಳಿದ್ದರಲ್ಲಿ ತಪ್ಪಿಲ್ಲ. ಬೆಳಿಗ್ಗೆ ಒಳಗೆ ಹೋಗಿ ಬಂದಿದ್ದೆ, ಗೂಡುಗಳಲ್ಲಿ ಇನ್ನೂ ಮೊಟ್ಟೆ ಇತ್ತು. ಅಷ್ಟೇ ನನಗೆ ಗೊತ್ತಿದ್ದದ್ದು.

ದೋಣಿ ಮೇಲೆ ನಿಂತೆ. ಎಲ್ಲರೂ ನನ್ನ ಮುಖಾನೇ ನೋಡ್ತಿದ್ರು, ನೋಡೋಕೆ ಬೇರೆ ಯಾರೂ ಇರಲಿಲ್ಲ. 'ಕೈ ತೆಗೀರೋ' ಅಂತ ಕೂಗಿದೆ. ಹಾಗೊಂದು ಕೂಗು ನಮ್ಮಲ್ಲಿ ಇಲ್ಲ, ಆದ್ರೂ ಕೂಗಿದೆ. ಯಾರೂ ಅಲುಗಾಡಲಿಲ್ಲ. ಮತ್ತೆ ಕೂಗಿದೆ. ದೊಡ್ಡಮ್ಮ ಮೊದಲು ಕುಡುಗೋಲು ಕೆಳಗಿಟ್ಲು. ಆಮೇಲೆ ಒಬ್ಬೊಬ್ಬರಾಗಿ ಇಟ್ರು. ಕೊನೆಗೆ ಲಾರಿಯವನನ್ನ ವಾಪಸು ಕಳಿಸೋಕೆ ಚಿಕ್ಕಪ್ಪನೇ ಮೆಟ್ಟಿಲು ಹತ್ತಿ ಹೋದ, ಹೋಗ್ತಾ ನನ್ನನ್ನ ಏನೇನು ಬೈದ ಅಂತ ಬರೆಯಲ್ಲ, ನಿಮ್ಮ ಮೊಮ್ಮಗಳು ಓದ್ತಾಳೆ.

ಅರಳೆಯೆಲ್ಲ ಹಾರಿಹೋಯ್ತು. ಮನೆ ತುಂಬ ಬಿಳಿ. ನಾನೂ ಪಾತ್ರೆಗಳಿಗೆ ಬಟ್ಟೆ ಕಟ್ಟಿದೆ.

ಮರಿಗಳೆಲ್ಲ ಹಾರಿದ ಮೇಲೆ, ಹೋದ ವಾರ ಕೂಗಿದೆ. ಜೊಂಡು ಬಿರುಸಾಗಿದೆ, ಒಳ್ಳೆ ಚಾಪೆಗೆ ಬರಲ್ಲ. ತಟ್ಟಿ, ಬುಟ್ಟಿ ಹೆಣೀಬಹುದು, ದೊಡ್ಡಮ್ಮ ಎಲ್ಲರಿಗೂ ಕಲಿಸ್ತಿದ್ದಾಳೆ. ಕೈ ಕೊಯ್ದುಕೊಂಡು ನನಗೆ ಶಾಪ ಹಾಕ್ತಿದ್ದಾರೆ. ಪಡುವಲ ಕಡೆ ಕುಡುಗೋಲೇ ಹಾಕಿಸಲಿಲ್ಲ, ಅಲ್ಲಿ ಇರೋದು ಇರಲಿ. ಮುಂದಿನ ವರ್ಷ ಉಪ್ಪು ಎಲ್ಲಿ ತನಕ ಬರುತ್ತೋ ಗೊತ್ತಿಲ್ಲ. ಯಾವತ್ತು ಕೂಗಬೇಕು ಅಂತಲೂ ಗೊತ್ತಿಲ್ಲ, ಆಗ ಮತ್ತೆ ಒಳಗೆ ಹೋಗಿ ನೋಡಬೇಕು.

ಕೂಗು ಮುಗೀತು ಅಪ್ಪಾ. ಈಗ ಬನ್ನಿ. ನಿಮ್ಮ ಮುಖ ನೋಡಿ ಕೇಳೋಕೆ ಈಗ ಯಾರಿಗೂ ಏನೂ ಉಳಿದಿಲ್ಲ. ನೀವು ಬಿಟ್ಟು ಹೋದ ಜೌಗು ಇಲ್ಲಿ ಇಲ್ಲ, ಅದನ್ನ ಹುಡುಕಬೇಡಿ. ಕಪ್ಪೆ ಕೇಳಿಸ್ತಿದೆಯಾ ಅಂತ ಕೇಳಿದ್ರೆ ಇನ್ನು ಇಲ್ಲ ಅಂತಲೇ ಹೇಳ್ತೀನಿ. ಇರೋದನ್ನ ತೋರಿಸ್ತೀನಿ, ನೋಡೋಕೆ ಬನ್ನಿ. ಬೇಜಾರಾದ್ರೆ ಇಬ್ಬರೂ ಕಟ್ಟೆ ಮೇಲೆ ಕೂತು ಅಳೋಣ.

ಅಣ್ಣನಿಗೆ ಹೇಳಿ ಹಗಲು ಬಸ್ಸಿಗೇ ಹತ್ತಿಸೋಕೆ. ನಿಲ್ದಾಣದಲ್ಲಿ ನಾನು ಇರ್ತೀನಿ.

ನಿಮ್ಮ ಮೊಂಡಿ